ಮೋಟೆಬೆನ್ನೂರಮ್ಮನ ಮಗ

ಬಚ್ಚಲೊಲೆಯ ಸಂದಿಗೆ ಹಾರೆ ಕೊಟ್ಟು ಮೆಹಬೂಬ ಇನ್ನೊಮ್ಮೆ ಮೀಟಿದ. ನಲವತ್ತು ವರ್ಷದಿಂದ ಕುತ್ತಿಗೆಯವರೆಗೆ ಮಣ್ಣಿನಲ್ಲಿ ಹೂತು ಕೂತಿದ್ದ ತಾಮ್ರದ ಹಂಡೆ ಸುಲಭಕ್ಕೆ ಏಳುವಂತಿರಲಿಲ್ಲ. ಒಲೆ ಬಿರುಕು ಬಿಟ್ಟು ತಿಂಗಳಾಗಿತ್ತು, ಉರಿ ಹಿಡಿಯುತ್ತಿರಲಿಲ್ಲ. ‘ನಾಳೆ ಮೆತ್ತತೇನಿ’ ಎಂದು ದಿನಾ ಹೇಳುತ್ತಿದ್ದ ಅವನ ಅಪ್ಪ ಶಮಶೇರಸಾಬ ಈಗ ಪಡಸಾಲೆಯಲ್ಲಿ ಬಿಳಿ ಚಾದರದ ಕೆಳಗೆ ಮಲಗಿದ್ದ. ಅವನನ್ನು ತೊಳೆಯಲು ಬಿಸಿನೀರು ಬೇಕಾಗಿತ್ತು.

“ಹಗೂರಕ ಎತ್ತೋ ತಮ್ಮಾ, ನಿಮ್ಮಜ್ಜಿ ತವರಿಂದ ತಂದ ಹಂಡೆ ಅದು,” ಎಂದಳು ನೆರೆಮನೆಯ ಫಕ್ಕೀರವ್ವ.

ಹಂಡೆ ಕಡೆಗೂ ಎದ್ದಿತು. ಮಸಿ, ಮಣ್ಣು ಮೆತ್ತಿಕೊಂಡು ಕೆಸರಲ್ಲಿ ಹೊರಳಿದ ಎಮ್ಮೆಯ ಹಾಗಿತ್ತು. ಅಂಗಳದಲ್ಲಿ ಮೂರು ಕಲ್ಲು ಹೂಡಿ ಅದನ್ನು ಏರಿಸಿ, ನೀರು ತುಂಬಿ, ವಾಡಿಕೆಯಂತೆ ಬಾರಿಹಣ್ಣಿನ ಗಿಡದ ಎಲೆ ಹಾಕಿದರು.

ಮೆಹಬೂಬನ ತಾಯಿ ಜೈತೂನಬಿ ಗೋಡೆಗೊರಗಿ ಎಲ್ಲವನ್ನೂ ನೋಡುತ್ತಿದ್ದಳು. ಅತ್ತು ಅತ್ತು ಕಣ್ಣು ಬತ್ತಿದ್ದವು. ಒಳಗೆ ಹೋಗಿ ತಾಟು ಬಡಿದರೆ ಈಗಲೂ ಎದ್ದು ಬಂದಾನೇನೋ ಎಂದು ಹುಚ್ಚು ಆಸೆ. ಗಂಡನ ಹೆಸರನ್ನು ಆಕೆ ಒಮ್ಮೆಯೂ ಬಾಯಲ್ಲಿ ಆಡಿದವಳಲ್ಲ. ಅವನಿಗೋ ಕಿವಿ ಮಂದ. ಹಾಗಾಗಿ ಉಣ್ಣಲು ಕರೆಯಬೇಕಾದರೆ ಬೆರಳ ಗೆಣ್ಣಿನಿಂದ ತಾಟಿಗೆ ಮೂರು ಸಲ ಬಡಿಯುತ್ತಿದ್ದಳು. ಬೇರೆ ಯಾವ ಸದ್ದು ಕೇಳದಿದ್ದರೂ ಆ ಸದ್ದು ಅವನಿಗೆ ಕೇಳುತ್ತಿತ್ತು.

ತೊಳೆದದ್ದಾಯಿತು, ಕಫನ್ ಬಟ್ಟೆ ಸುತ್ತಿದ್ದಾಯಿತು. ಮಸೀದಿಯ ಜಹಾಂಗೀರ ಮುಲ್ಲಾ ಬಾಗಿಲಲ್ಲಿ ನಿಂತು ತಗ್ಗಿದ ದನಿಯಲ್ಲಿ ಕೇಳಿದರು:

“ಮಧ್ಯಾಹ್ನದ ನಮಾಜಿಗೆ ಎತ್ತೋಣ್ರಿ. ಒಂದು ಮಾತು. ಶಮಶೇರಸಾಬರ ತಾಯಿ ಹೆಸರೇನ್ರಿ?”

ಜೈತೂನಬಿ ಸೆರಗು ತಲೆಗೆಳೆದುಕೊಂಡಳು.

“ಅಮ್ಮಾ ಅಂತಿದ್ದಿವ್ರಿ,” ಎಂದಳು. “ಮಂದಿ ಮೋಟೆಬೆನ್ನೂರಮ್ಮ ಅಂತಿದ್ರು.”

“ಅದು ಊರಿನ ಹೆಸರಾತು. ಖರೇ ಹೆಸರು ಬೇಕ್ರಿ. ಮಣ್ಣು ಮುಚ್ಚಿ ಮಂದಿ ಹೊಂಟ ಮ್ಯಾಲೆ ನಾ ಅಲ್ಲೇ ನಿಂತು ಅವರನ್ನ ಕರೀಬೇಕು, ಇಂಥಾಕಿ ಮಗನ ಇಂಥಾವನ ಅಂತ. ಗೋರಿ ಒಳಗ ಅಲ್ಲಾ ಕಳಿಸಿದ ಫರಿಶ್ತೇರು ಸವಾಲು ಕೇಳಾಕ ಬರ್ತಾರ. ಜವಾಬು ನೆನಪು ಮಾಡಿಕೊಡಬೇಕು. ಅಲ್ಲಿ ತಾಯಿ ಹೆಸರು ಹಿಡದು ಕರಿಯೋದು ನಮ್ಮಲ್ಲಿ ನಡಕೊಂಡು ಬಂದೈತಿ.”

ಜೈತೂನಬಿ ಮಗನ ಮುಖ ನೋಡಿದಳು. ಮೆಹಬೂಬ ರಾಣೆಬೆನ್ನೂರಿನ ಸ್ಟೀಲ್ ಪಾತ್ರೆ ಅಂಗಡಿಯಲ್ಲಿ ಕೆಲಸಕ್ಕಿದ್ದ. ಗಿರಾಕಿಗಳು ಕೊಂಡ ಪಾತ್ರೆಯ ಮೇಲೆ ಮಷೀನಿನಿಂದ ಅವರವರ ಹೆಸರು ಕೊರೆದು ಕೊಡುವುದೇ ಅವನ ಕೆಲಸ. ಅವನು ಹುಟ್ಟುವ ಮೊದಲೇ ಅಜ್ಜಿ ತೀರಿಕೊಂಡಿದ್ದಳು.

* * *

ಆ ಮನೆತನಕ್ಕೆ ಕಲಾಯಿಗಾರ ಎಂಬ ಅಡ್ಡಹೆಸರು ಕಸುಬಿನಿಂದ ಬಂದದ್ದು. ಅಜ್ಜ, ಅಪ್ಪ, ಆಮೇಲೆ ಶಮಶೇರಸಾಬ, ಮೂರು ತಲೆಮಾರು ಬ್ಯಾಡಗಿಯ ತಾಮ್ರ ಹಿತ್ತಾಳೆ ಪಾತ್ರೆಗಳಿಗೆಲ್ಲ ತವರದ ಕಲಾಯಿ ಹಾಕಿದ್ದರು. ಮೆಣಸಿನಕಾಯಿ ಪೇಟೆಯ ಮಗ್ಗುಲಲ್ಲಿ ಬೇವಿನ ಮರದ ಕೆಳಗೆ ತಿದಿ ಊದುತ್ತ ಕೂತ ಶಮಶೇರಸಾಬ ಸಂಜೆಗೆ ಪಾತ್ರೆಗಳನ್ನು ಸೈಕಲ್ಲಿಗೆ ಹೇರಿಕೊಂಡು ಓಣಿ ಓಣಿ ತಿರುಗುತ್ತಿದ್ದ. ಪಾತ್ರೆಯ ಮೇಲೆ ಚುಕ್ಕಿ ಚುಕ್ಕಿಯಾಗಿ ಹೊಡೆದ ಹೆಸರು ಓದಿ ಕೂಗುತ್ತಿದ್ದ.

“ನೀಲಗಂಗವ್ವನ ತಪ್ಪೇಲಿ! ಮಂಗಳವ್ವನ ಕೊಳಗ!”

ಹೆಂಗಸರು ಸೆರಗು ಸರಿಮಾಡಿಕೊಳ್ಳುತ್ತ ನಗುತ್ತ ಹೊರಗೆ ಬರುತ್ತಿದ್ದರು. ಮನೆಯಲ್ಲಿ ಯಾರೂ ಅವರನ್ನು ಹಾಗೆ ಕರೆಯುತ್ತಿರಲಿಲ್ಲ.

“ಈ ಊರ ಹೆಣಮಕ್ಕಳ ಹೆಸರು ನನಗ ಗೊತ್ತಿದ್ದಷ್ಟು ಅವರ ಗಂಡಂದಿರಿಗೂ ಗೊತ್ತಿಲ್ಲ,” ಎಂದು ಬೀಗುತ್ತಿದ್ದ.

“ಮನಿಗೆ ಮಾರಿ, ಊರಿಗೆ ಉಪಕಾರಿ,” ಎಂದು ಜೈತೂನಬಿ ಚುಚ್ಚುತ್ತಿದ್ದಳು. “ನಮ್ಮ ತಪ್ಪೇಲಿಗೆ ಕಲಾಯಿ ಕಾಣದ ಎರಡು ವರ್ಷಾತು.”

ಅವನಿಗೆ ಅದು ಕೇಳುತ್ತಿತ್ತೋ ಇಲ್ಲವೋ, ನಗುತ್ತಿದ್ದ. ಎಂಬತ್ತರ ದಶಕದಾಚೆ ಮನೆಮನೆಗೂ ಸ್ಟೀಲು ಬಂತು. ಕಲಾಯಿ ಕೇಳುವವರು ಇಲ್ಲವಾದರು. ತಿದಿ ಮೂಲೆ ಸೇರಿತು, ಹೆಸರು ಕೂಗುವುದೂ ನಿಂತಿತು.

ಜೈತೂನಬಿ ಮದುವೆಯಾಗಿ ಬಂದ ತಿಂಗಳೇ ಅತ್ತೆ ಹೊಸ ಬಚ್ಚಲೊಲೆ ಹಾಕಿದ್ದಳು. ಮಣ್ಣು ತುಳಿದವಳು ಜೈತೂನಬಿಯೇ. ಅತ್ತೆ ಹಂಡೆಯನ್ನು ಕೂರಿಸಿ, ಕುತ್ತಿಗೆಯ ತನಕ ಮಣ್ಣು ಮೆತ್ತಿ, ಅಂಗೈಯಿಂದ ಸವರಿ ನುಣುಪು ಮಾಡಿದ್ದಳು.

“ನನ್ನ ತವರಿನ ಹಂಡೆ ಇದು. ನಾ ಹೋದ ಮ್ಯಾಲೂ ಇಲ್ಲಿಂದ ಕದಲಬಾರದು ನೋಡವ್ವ.”

ಹೆಸರು ಕೇಳಬೇಕೆಂದು ಜೈತೂನಬಿಗೆ ಅಂದೇ ಅನಿಸಿತ್ತು. ಸೊಸೆಯಾದವಳು ಅತ್ತೆಯ ಹೆಸರು ಕೇಳುವುದೇ? ನಾಲಗೆ ಕಚ್ಚಿಕೊಂಡಿದ್ದಳು. ಆಮೇಲೆ ಐದು ವರ್ಷ ಇಬ್ಬರೂ ಒಂದೇ ಒಲೆಯ ಮುಂದೆ ರೊಟ್ಟಿ ಬಡಿದರು. ಕೇಳುವ ಹೊತ್ತು ಮಾತ್ರ ಬರಲೇ ಇಲ್ಲ.

* * *

ಮೆಹಬೂಬ ಲೂನಾ ಹತ್ತಿ ಮೋಟೆಬೆನ್ನೂರಿಗೆ ಹೋದ. ಇತ್ತ ಓಣಿಯ ಹಿರಿಯ ಮೈಲಾರೆಪ್ಪನನ್ನು ಕೇಳಿದರು. ಅವನು ಕೋಲಿಗೆ ಗದ್ದ ಊರಿದ.

“ಮೋಟೆಬೆನ್ನೂರಮ್ಮ ಅಂದ್ರ ಮೋಟೆಬೆನ್ನೂರಮ್ಮ. ನಾ ಜ್ವರ ಬಂದು ಮಲಗಿದಾಗ ಗಂಜಿ ಕಾಸಿ ಕುಡಿಸಿದಾಕಿ. ಹೆಸರು ಯಾರು ಕೇಳ್ಯಾರು?”

ಜೈತೂನಬಿ ರಸ್ತೆಗೆ ಕಿವಿ ಕೊಟ್ಟು ಕೂತಳು. ಈ ಹೆಸರೊಂದನ್ನಾದರೂ ಗಂಡನ ಜೊತೆ ಕಳಿಸಬೇಕು, ಬರಿಗೈಯಲ್ಲಿ ಕಳಿಸಬಾರದು ಎಂದು ಜೀವ ಚಡಪಡಿಸುತ್ತಿತ್ತು. ಲೂನಾದ ಸದ್ದು ಕೇಳಿದ್ದೇ ಬಾಗಿಲಿಗೆ ಬಂದಳು.

“ಅಜ್ಜೀ ತಮ್ಮನ ಸೊಸಿ ಒಬ್ಬಾಕಿ ಉಳದಾಳಮ್ಮಾ,” ಎಂದ ಮೆಹಬೂಬ.

“ಏನಂದ್ಲು?”

“ಬ್ಯಾಡಗಿ ಫುಪ್ಪು, ಬ್ಯಾಡಗಿ ಅತ್ತಿ ಅಂತಿದ್ರಂತ. ಅದರ ಮ್ಯಾಲೆ ಆಕಿಗೂ ಗೊತ್ತಿಲ್ಲ.”

ಆ ಊರಿಂದ ಬಂದವಳೆಂದು ಇಲ್ಲಿ ಆ ಊರಿನ ಹೆಸರು. ಈ ಊರಿಗೆ ಕೊಟ್ಟವಳೆಂದು ಅಲ್ಲಿ ಈ ಊರಿನ ಹೆಸರು. ಎರಡು ಊರಿನ ನಡುವಿನ ಹಾದಿಯಲ್ಲಿ ಆಕೆಯ ಹೆಸರು ಎಲ್ಲಿ ಬಿದ್ದುಹೋಯಿತೋ, ಹೆಕ್ಕಿಕೊಂಡವರು ಯಾರೂ ಇರಲಿಲ್ಲ.

ಮುಲ್ಲಾ ಸಮಾಧಾನ ಹೇಳಿದರು. “ಇರ್ಲಿ ಬಿಡು ತಂಗೀ. ಗೊತ್ತಿಲ್ಲದಿದ್ರ ಹವ್ವಾನ ಹೆಸರು ತಗೋಬಹುದು. ಎಲ್ಲಾರಿಗೂ ಮೊದಲಿನ ತಾಯಿ ಆಕಿ.”

“ಎಲ್ಲಾರ ತಾಯಿ ಹೆಸರು ಹಿಡದು ಕರದ್ರ, ತಮ್ಮನ್ನ ಕರಿಯಾಕತ್ತಾರಂತ ಅವರಿಗೆ ಹೆಂಗ ತಿಳೀತೈತ್ರಿ?” ಎಂದಳು ಜೈತೂನಬಿ. “ಮೊದಲ ಕಿವಿ ಮಂದ.”

ಯಾರೋ ನಕ್ಕಂತಾಯಿತು.

“ಅಲ್ಲಾಗ ಎಲ್ಲಾ ಗೊತ್ತಿರತೈತಿ,” ಎಂದರು ಮುಲ್ಲಾ.

“ಅಲ್ಲಾಗ ಗೊತ್ತಿರತೈತ್ರಿ. ನಮಗ ಗೊತ್ತಿರಬೇಕಾಗಿತ್ತು.”

ಶವ ಹೊತ್ತ ಡೋಲಿ ಎದ್ದಿತು. ಹೆಂಗಸರು ಕಬರಸ್ತಾನಕ್ಕೆ ಹೋಗುವಂತಿಲ್ಲ. ಜೈತೂನಬಿ ಹೊಸ್ತಿಲು ಹಿಡಿದು, ಹೆಗಲುಗಳು ಓಣಿಯ ತಿರುವು ದಾಟುವವರೆಗೂ ನೋಡಿದಳು.

* * *

ಸಾವಿನ ಮನೆಯಲ್ಲಿ ಒಲೆ ಹಚ್ಚುವಂತಿರಲಿಲ್ಲ. ಇಳಿಹೊತ್ತಿಗೆ ಫಕ್ಕೀರವ್ವ ರೊಟ್ಟಿ, ಪುಂಡಿಪಲ್ಲೆ ತಂದಿಟ್ಟಳು. ಸುಮ್ಮನೆ ಕೂರುವ ಜೀವವಲ್ಲ ಅದು; ಅಂಗಳದಲ್ಲಿ ಬಿದ್ದಿದ್ದ ಹಂಡೆಯನ್ನು ಹೊರಳಿಸಿ, ಹುಣಸೆಹಣ್ಣು, ಬೂದಿ ಹಾಕಿ ತಿಕ್ಕತೊಡಗಿದಳು. ಮಸಿ ಹರಿದು, ಕೆಂಪು ತಾಮ್ರ ಮೆಲ್ಲಗೆ ಮೇಲೆದ್ದಿತು. ಅವಳ ಕೈ ನಿಂತಿತು.

“ಜೈತೂನಕ್ಕಾ, ಇಲ್ಲಿ ಏನೋ ಬರದಾರ ನೋಡ.”

ಇಬ್ಬರಿಗೂ ಓದು ಬರದು. ಮಣ್ಣು ಕೊಟ್ಟು ಬಂದ ಮೆಹಬೂಬ ಕಟ್ಟೆಯಿಂದ ಇಳಿದು ಕುಕ್ಕರಗಾಲಲ್ಲಿ ಕೂತ. ಹಂಡೆಯ ಹೆಗಲ ಮೇಲೆ, ಒಲೆಯ ಮಣ್ಣು ಮುಚ್ಚಿದ್ದ ಕಡೆ, ಹಳೆಯ ಕಾಲದ ಉಳಿಯಿಂದ ಹೊಡೆದ ಚುಕ್ಕಿಗಳಿದ್ದವು. ಅವನು ಬೆರಳಾಡಿಸಿದ.

“ಸ... ಕೀ...” ಅವನ ಬೆರಳು ಮುಂದೆ ಸರಿಯಿತು. “ಸಕೀನಾಬಿ. ಮೋಟೆಬೆನ್ನೂರು.”

ಫಕ್ಕೀರವ್ವ ಬೂದಿಯ ಕೈಯಿಂದಲೇ ಬಾಯಿ ಮುಚ್ಚಿಕೊಂಡಳು. ಬೆಳಿಗ್ಗೆ ಆ ಸಕೀನಾಬಿಯ ಮಗನನ್ನು ತೊಳೆದ ನೀರು ಕಾದದ್ದು ಇದರಲ್ಲೇ.

“ಮುಲ್ಲಾಗ ಹೇಳಿ ಬಾರೋ. ಲಗೂ ಹೋಗೋ,” ಎಂದಳು ಜೈತೂನಬಿ.

“ಅಮ್ಮಾ, ಅವರು ಕರದು ಬಂದು ಭಾಳ ಹೊತ್ತಾತು.”

“ಇನ್ನೊಮ್ಮೆ ಕರೀಲಿ.”

ಮೆಹಬೂಬ ಕೂತಲ್ಲಿಂದ ಏಳಲಿಲ್ಲ.

ಜೈತೂನಬಿ ಗೋಡೆ ಹಿಡಿದು ಎದ್ದು ಬಂದಳು. ಹಂಡೆಯ ಪಕ್ಕ ಕೂತು, ಒದ್ದೆಯಾದ ಆ ಚುಕ್ಕಿಗಳ ಮೇಲೆ ಕೈಯಿಟ್ಟಳು. ಆಮೇಲೆ ಬೆರಳ ಗೆಣ್ಣಿನಿಂದ ಮೂರು ಸಲ ಬಡಿದಳು. ಬಾಗಿ, ಹಂಡೆಯ ಬಾಯಿಗೆ ಬಾಯಿ ತಂದಳು.

“ಸಕೀನಾಬೀ ಮಗನ...”

ಮುಂದೆ ಬರಬೇಕಾದದ್ದು ಗಂಡನ ಹೆಸರು. ತುಟಿ ಅಲುಗಿದವು, ನಾಲಗೆ ಹೊರಳಲಿಲ್ಲ. ಕಿವಿ ಮಂದವಾದವನನ್ನು ಕರೆಯುವ ಹಾಗೆ ಇನ್ನೂ ಗಟ್ಟಿಯಾಗಿ, ಅಷ್ಟನ್ನೇ ಮತ್ತೊಮ್ಮೆ ಅಂದಳು. ಖಾಲಿ ಹಂಡೆಯೂ ಅಷ್ಟನ್ನೇ ತಿರುಗಿ ಹೇಳಿತು.