ಹೀರುಗಲ್ಲಿನ ಚೂರು

ಹೀರುಗಲ್ಲು ಹತ್ತು ವರ್ಷಕ್ಕೊಂದು ಸಿಕ್ಕರೆ ಹೆಚ್ಚು. ಗಣಿಯಿಂದ ಬಂದಾಗ ಅದು ಕಲ್ಲುಸಕ್ಕರೆಯ ಹಾಗೆ ಮಂಕಾಗಿರುತ್ತದೆ. ಅದರ ಆಟವೆಲ್ಲ ಸಾಣೆಗೆ ಕೂತ ಮೇಲೆ. ಸಾಣೆ ಹಿಡಿಯುವವರ ಮನಸ್ಸಿನಲ್ಲಿ ಆ ಹೊತ್ತು ಏನಿರುತ್ತದೋ ಅದನ್ನು ಹೀರಿಕೊಂಡುಬಿಡುತ್ತದೆ. ಆಮೇಲೆ ಕಿಟಕಿಗೆ ತೂಗುಹಾಕಿದರೆ, ಅದರೊಳಗಿಂದ ಹಾದ ಬಿಸಿಲು ಯಾರ ಮೇಲೆ ಬೀಳುತ್ತದೋ ಅವರ ಮನಸ್ಸಿಗೆ ಅದೇ ಇಳಿಯುತ್ತದೆ. ನೆಮ್ಮದಿಯಲ್ಲಿ ಉಜ್ಜಿದ ಕಲ್ಲಿನ ಬೆಳಕಿನಲ್ಲಿ ಕೂತರೆ ಜಗಳಗಂಟನೂ ಹಸುವಾಗುತ್ತಾನೆ.

ಹಾಗಾಗಿ ಸಾಣೆಮನೆಯಲ್ಲಿ ಒಂದು ಕಟ್ಟುನಿಟ್ಟು. ಬೆಳಿಗ್ಗೆ ಕೈ ತೊಳೆದು ಒಳಗೆ ಬರುವಾಗ ಮೇಸ್ತ್ರಿಗೆ "ಕೈ ಹಗುರ" ಎನ್ನಬೇಕು. ಮನೆಯಲ್ಲಿ ರಂಪವಾಗಿದ್ದರೆ, ಹೊಟ್ಟೆಯಲ್ಲಿ ಕಿಚ್ಚಿದ್ದರೆ, "ಕೈ ಭಾರ" ಎಂದು ಹೇಳಿ ಬಂದ ದಾರಿಗೆ ಸುಂಕವಿಲ್ಲವೆಂದು ಹಿಂದಿರುಗಬೇಕು. ಯಾಕೆ ಏನು ಎಂದು ಯಾರೂ ಕೇಳುವಂತಿಲ್ಲ.

ಅಲ್ಲಿನವರೆಲ್ಲ ದೊಡ್ಡಕ್ಕ ಎಂದು ಕರೆಯುತ್ತಿದ್ದ ಹೆಂಗಸು ಹದಿನೆಂಟು ವರ್ಷದಲ್ಲಿ ಒಮ್ಮೆಯೂ ಕೈ ಭಾರ ಎಂದವಳಲ್ಲ. ಅದು ಅವಳ ಹೆಮ್ಮೆ. ಮನೆಯಲ್ಲಿ ಸೊಂಟ ಮುರಿದುಕೊಂಡ ತಾಯಿ ಆರು ವರ್ಷದಿಂದ ಹಾಸಿಗೆಯಲ್ಲಿದ್ದಳು. ಬಿದ್ದದ್ದು ಸೊಂಟ, ನಾಲಿಗೆಯಲ್ಲ. ದಿಂಬು ಎತ್ತರವಾದರೆ ಒಂದು ಕೂಗು, ತಗ್ಗಾದರೆ ಇನ್ನೊಂದು. ಹಾಲು ಬಿಸಿಯಾದರೂ ತಪ್ಪು, ಆರಿದರೂ ತಪ್ಪು. ತಮ್ಮನೊಬ್ಬನಿದ್ದ. ವಾರಕ್ಕೊಮ್ಮೆ ಬಂದು, ಅಮ್ಮನ ಕಾಲ ಬಳಿ ಕೂತು, ಅಕ್ಕ ಬಡಿಸಿದ್ದನ್ನು ಉಂಡು, "ಜೋಪಾನ" ಎಂದು ಹೇಳಿ ಹೋಗುವಷ್ಟು ಪ್ರೀತಿ ಅವನಿಗೂ ಇತ್ತು.

ಆ ವರ್ಷ ಒಂದು ಕಲ್ಲು ಬಂತು. ದೊಡ್ಡ ತುಂಡು ಆಸ್ಪತ್ರೆಗೆ ಹೋಯಿತು. ಉಳಿದ ಚೂರು, ವಾಡಿಕೆಯಂತೆ, ಕಲ್ಲು ಕೊಯ್ದ ದೊಡ್ಡಕ್ಕನಿಗೆ ಸೇರಿತು. ಅಮ್ಮನ ಕಿಟಕಿಗೆ ಹಾಕೋಣ, ಪಾಪ, ಮುದುಕಿಗೆ ಸ್ವಲ್ಪ ನೆಮ್ಮದಿ ಸಿಗಲಿ ಎಂದುಕೊಂಡಳು.

ಚೂರಿಗೆ ಸಾಣೆ ಹಿಡಿಯಬೇಕಾಗಿದ್ದ ದಿನ ಅಮ್ಮ ಮೂರು ಸಲ ಹಾಲು ಚೆಲ್ಲಿದಳು, ಮೂರನೆಯದು ಬೇಕೆಂದೇ. ದೊಡ್ಡಕ್ಕ ಮೂರು ಸಲ ಹಾಸಿಗೆ ಬದಲಾಯಿಸಿ, ಹಲ್ಲು ಕಚ್ಚಿಕೊಂಡು ಸಾಣೆಮನೆಗೆ ಓಡಿದಳು. ಮೇಸ್ತ್ರಿ ಮುಖ ನೋಡಿದ. ನಾಲಿಗೆ ತುದಿಗೆ ಬಂದ ಮಾತನ್ನು ಹದಿನೆಂಟು ವರ್ಷದ ಹೆಸರು ಹಿಂದಕ್ಕೆ ತಳ್ಳಿತು. "ಕೈ ಹಗುರ" ಎಂದಳು. ಸಾಣೆ ತಿರುಗಿದಷ್ಟು ಹೊತ್ತೂ ಅವಳ ತಲೆಯಲ್ಲಿ ಒಂದೇ ಮಾತು ತಿರುಗಿತು: ಇದು ಮುಗಿಯುವುದು ಯಾವಾಗ?

ಕಲ್ಲು ತೂಗುಹಾಕಿದ ಮೊದಲ ದಿನವೇ ಅಮ್ಮನ ಕೂಗಾಟ ತಣ್ಣಗಾಯಿತು. ಮೂರನೆಯ ದಿನ ಅರ್ಧ ಊಟ ಬಿಟ್ಟು ತಟ್ಟೆ ಸರಿಸಿದಳು. "ಸಾಕಮ್ಮ. ಇದು ಮುಗಿಯೋದು ಯಾವಾಗ ಅನ್ಸುತ್ತೆ. ಬೇಗ ಮುಗಿದ್ರೆ ಎಲ್ಲರಿಗೂ ಒಳ್ಳೇದು."

ದೊಡ್ಡಕ್ಕ ಆ ತಟ್ಟೆಯನ್ನು ಎತ್ತಿಕೊಂಡಳು. ಬಾಯಿ ಅಮ್ಮನದು, ಮಾತು ತನ್ನದು. ಅದರಲ್ಲಿ ಅನುಮಾನವೇ ಇರಲಿಲ್ಲ.

ಆ ಗಳಿಗೆಯಲ್ಲೇ ಕೈ ಚಾಚಿ ಕಲ್ಲು ಬಿಚ್ಚಬಹುದಿತ್ತು. ಬಿಚ್ಚಲಿಲ್ಲ. ಮನೆ ಎಷ್ಟು ಸದ್ದಿಲ್ಲದೆ ಇತ್ತೆಂದರೆ, ಅವಳು ಎಷ್ಟೋ ವರ್ಷದ ಮೇಲೆ ಕೂತು ಬಿಸಿಬಿಸಿ ಉಂಡಳು. ರಜೆಯ ಮಧ್ಯಾಹ್ನ ಕಾಲು ಚಾಚಿ ಮಲಗಿದಳು. ನಾಳೆ ತೆಗೆದರಾಯಿತು ಎಂದುಕೊಂಡಳು. ನಾಳೆ ಎನ್ನುವವನ ಮನೆ ಹಾಳು ಎಂಬುದು ಅವಳಿಗೇನು ಗೊತ್ತಿಲ್ಲದ್ದಲ್ಲ. ಕನ್ನಡಿಯಲ್ಲಿ ತನ್ನ ಮುಖವೇ ಅಸಹ್ಯವಾಗುತ್ತಿತ್ತು, ಆದರೂ ಚೆನ್ನಾಗಿ ನಿದ್ದೆ ಬರುತ್ತಿತ್ತು. ಅದೇ ಅವಳಿಗೆ ಹೆಚ್ಚು ನಾಚಿಕೆ.

ತಮ್ಮ ಬಂದವನು ಅಮ್ಮನ ಸಮಾಧಾನ ಕಂಡು ಬೆರಗಾದ. ಎಲ್ಲ ಅಕ್ಕನ ಕೈಗುಣ ಎಂದ. ಅದರೊಳಗೆ ಅದೇನು ತುಂಬಿದ್ದೀಯೋ ಎಂದು ನಕ್ಕ. ನಿನಗೆ ಯಾಕೆ ಅನುಮಾನ, ನಾನೇನು ತುಂಬಿದ್ದೀನಿ ಅಂತ ಹೇಳಿಬಿಡು ಎಂದು ಅವಳು ಅವನ ಮೇಲೆ ಹರಿಹಾಯ್ದಳು. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗಾಯಿತು. ತಮ್ಮ ಪಾಪದವನು, ಅಕ್ಕನಿಗೆ ದಣಿವಾಗಿದೆ ಎಂದುಕೊಂಡು ಬೇಗ ಎದ್ದು ಹೋದ.

ಹನ್ನೊಂದನೆಯ ದಿನ ಅಮ್ಮ ಹಾಲಿನ ಬಟ್ಟಲಿಗೆ ಕೈ ಚಾಚಿದಾಗ ಬೆರಳಿನ ಉಂಗುರ ತಾನಾಗಿ ಜಾರಿ ಅದರೊಳಗೆ ಬಿತ್ತು. ಬೆರಳು ಅಷ್ಟು ಸೊರಗಿದ್ದನ್ನು ದೊಡ್ಡಕ್ಕ ಆಗ ಕಂಡಳು. ಕಲ್ಲನ್ನು ಕಿತ್ತುಕೊಂಡು ಚಪ್ಪಲಿಯನ್ನೂ ಮೆಟ್ಟದೆ ಸಾಣೆಮನೆಗೆ ಹೋದಳು. ಎಲ್ಲರ ಕಣ್ಣೆದುರು ಒರಟು ಚಕ್ರಕ್ಕೆ ಒತ್ತಿ ಹಿಡಿದು ಪುಡಿ ಮಾಡಿದಳು. ಹತ್ತು ವರ್ಷಕ್ಕೊಂದು ಸಿಗುವ ವಸ್ತು ನೆಲದ ಮೇಲೆ ಹಿಟ್ಟಾಗಿ ಬಿತ್ತು. ಮೇಸ್ತ್ರಿ ಏನೂ ಕೇಳಲಿಲ್ಲ, ಅವಳ ಮುಖವನ್ನೂ ನೋಡಲಿಲ್ಲ.

ಎರಡು ದಿನಕ್ಕೆ ಅಮ್ಮ ಮತ್ತೆ ಅಮ್ಮನಾದಳು. ತಟ್ಟೆ ಬರಿದು ಮಾಡಿ, ಉಪ್ಪು ಕಡಿಮೆ ಎಂದು ಬೈದಳು. ಬೈಸಿಕೊಂಡ ಮಗಳು ಖುಷಿಯಿಂದ ಅತ್ತಳು. ಅಲ್ಲಿಗೆ ಬಿಟ್ಟಿದ್ದರೆ ಗುಟ್ಟು ಗುಟ್ಟಾಗಿಯೇ ಉಳಿಯುತ್ತಿತ್ತು. ಆದರೆ ಅಮ್ಮ ಅವಳ ಕೈ ಹಿಡಿದುಕೊಂಡು, ಸಾಯುವ ಮಾತಾಡಿ ನಿನ್ನ ಹೊಟ್ಟೆ ಉರಿಸಿದೆ, ಕ್ಷಮಿಸು ಮಗಳೇ ಎಂದುಬಿಟ್ಟಳು. ಅದನ್ನು ಮಾತ್ರ ದೊಡ್ಡಕ್ಕನಿಂದ ತಡೆದುಕೊಳ್ಳಲು ಆಗಲಿಲ್ಲ.

"ಅದು ನಿನ್ನ ಆಸೆ ಅಲ್ಲಮ್ಮ, ನಂದು" ಎಂದು, ಹಾಲು ಚೆಲ್ಲಿದ ಬೆಳಗಿನಿಂದ ಹಿಡಿದು ಹೇಳಿದಳು.

ಅಮ್ಮ ಕೊನೆಯವರೆಗೂ ಕೇಳಿದಳು. ಆಮೇಲೆ ನಕ್ಕಳು ಕೂಡ. ನಾನೂ ನನ್ನ ಅತ್ತೆಯನ್ನು ನೋಡಿಕೊಳ್ಳುವಾಗ ದಿನಕ್ಕೆ ಹತ್ತು ಸಲ ಹಾಗೆ ಅಂದುಕೊಂಡಿದ್ದೆ, ಪುಣ್ಯಕ್ಕೆ ಕೈಯಲ್ಲಿ ಕಲ್ಲಿರಲಿಲ್ಲ ಎಂದಳು. ಬೇಸರ ಯಾರಿಗೆ ಬರುವುದಿಲ್ಲ ಎಂದು ಮಗಳ ಕಣ್ಣು ಒರೆಸಿದಳು. ಒರೆಸುತ್ತಿದ್ದ ಕೈ ನಡುವೆ ನಿಂತಿತು.

"ಕಲ್ಲಿಂದ ಹಾಗಾಗ್ತಿದೆ ಅಂತ ನಿಂಗೆ ಯಾವತ್ತು ಗೊತ್ತಾಯ್ತು?"

ಈಗ ಸುಳ್ಳು ಹೇಳಲು ದೊಡ್ಡಕ್ಕನಲ್ಲಿ ಶಕ್ತಿ ಉಳಿದಿರಲಿಲ್ಲ.

"ಮೂರನೇ ದಿನ."

ಅಮ್ಮ ಕೈ ಹಿಂದಕ್ಕೆ ತೆಗೆದುಕೊಂಡಳು. ಬೈಯಲಿಲ್ಲ. ದಿಂಬು ಸರಿಮಾಡು ಎಂದಳು, ಅಷ್ಟೆ.

ಅಲ್ಲಿಂದ ಮುಂದೆ ನಾಲ್ಕು ವರ್ಷ ಬದುಕಿದಳು. ಮಗನ ಮೇಲೆ, ವೈದ್ಯರ ಮೇಲೆ, ಬೀದಿಯ ನಾಯಿಯ ಮೇಲೆ ಮೊದಲಿನಂತೆಯೇ ರೇಗಿದಳು. ಮಗಳು ಮಾಡಿದ್ದನ್ನು ಯಾರಿಗೂ ಹೇಳಲಿಲ್ಲ. ಆದರೆ ಊಟಕ್ಕೆ ಕೂತಾಗ ಇನ್ನೊಂದು ತುತ್ತು ಬೇಕೆನಿಸಿದರೆ, ಕೇಳುವ ಮೊದಲು ಮಗಳ ಮುಖ ನೋಡುತ್ತಿದ್ದಳು.