ಎರಡು ಗಂಟೆ ನಲವತ್ತೆಂಟರ ನೆರಳು

ಶೇಖಮ್ಮ ತೀರಿಕೊಂಡದ್ದು ಮೇ ಇಪ್ಪತ್ತೇಳರ ಇಳಿಹೊತ್ತಿನಲ್ಲಿ. ದೊಡ್ಡ ಮಗ ಸಲಾವುದ್ದೀನ್ ರಾಯಚೂರಿನಲ್ಲಿ ಆಟೊ ಓಡಿಸುತ್ತಿದ್ದವನು ಸುದ್ದಿ ತಿಳಿದ ಕೂಡಲೇ ಹೊರಟ. ಚಿಕ್ಕವನು ಹೈದರಾಬಾದಿನಿಂದ ಬರಬೇಕಿತ್ತು. ಹಾಗಾಗಿ ಮಣ್ಣು ಮರುದಿನ ಸಂಜೆಯ ಅಸರ್ ನಮಾಜಿನ ನಂತರ ಎಂದು ಹಿರಿಯರು ಗೊತ್ತುಮಾಡಿ, ದೇವದುರ್ಗದಿಂದ ಐಸಿನ ಪೆಟ್ಟಿಗೆ ತರಿಸಿದರು. ಗೋರಿ ತೋಡುವ ಮೀರಾಹುಸೇನ ಯಾರ ಕರೆಗೂ ಕಾಯದೆ ಹಾರೆ ಮತ್ತು ಹಗ್ಗ ತೆಗೆದುಕೊಂಡು ಖಬರಸ್ತಾನಕ್ಕೆ ನಡೆದ. ಸೂರ್ಯ ಮುಳುಗುವುದರೊಳಗೆ ಅವನು ಅಲ್ಲಿರಬೇಕಿತ್ತು.

ಜಾಲಹಳ್ಳಿಯ ರಸ್ತೆಯಿಂದ ಒಳಗೆ ಸರಿದ ಸಣ್ಣ ಊರು ಅದು. ಖಬರಸ್ತಾನ ಊರಿನಿಂದ ಒಂದು ಮೈಲಿ ದೂರ, ಎರೆ ಹೊಲಗಳ ನಡುವೆ. ಅಲ್ಲಿಂದ ಮಸೀದಿ ಕಾಣುವುದಿಲ್ಲ. ಪಡುವಣಕ್ಕೆ ನೋಡಿದರೆ ಗುಡ್ಡವಿಲ್ಲ, ಮರವಿಲ್ಲ, ಕಣ್ಣಿಗೆ ಎಟುಕುವವರೆಗೂ ಸಮತಟ್ಟಾದ ಕಪ್ಪು ನೆಲ.

ಸತ್ತವರನ್ನು ಬಲ ಮಗ್ಗುಲಿಗೆ ಮಲಗಿಸಿ ಮುಖವನ್ನು ಮಕ್ಕಾದ ಕಡೆಗೆ, ಖಿಬ್ಲಾದ ಕಡೆಗೆ ಮಾಡಬೇಕು. ಆ ದಿಕ್ಕನ್ನು ಹಿಡಿಯುವ ಕೆಲಸವನ್ನು ಮೀರಾಹುಸೇನ ತನ್ನ ಅಪ್ಪನಿಂದ ಕಲಿತಿದ್ದ. ಹಾರೆಯನ್ನು ನೆಟ್ಟಗೆ ನೆಡಬೇಕು. ಅದಕ್ಕೆ ಹಗ್ಗ ಕಟ್ಟಿ, ಸೂರ್ಯನ ಅಂಚು ನೆಲಕ್ಕೆ ತಾಗುವಾಗ ಹಗ್ಗವನ್ನು ಆ ಕಡೆಗೆ ಎಳೆದು ಗೂಟ ಹೊಡೆಯಬೇಕು. ಹಗ್ಗ ಖಿಬ್ಲಾ, ಹಗ್ಗಕ್ಕೆ ಅಡ್ಡಲಾಗಿ ಖಬರು. ಪಕ್ಕದ ಖಬರನ್ನು ನೋಡಿ ತೋಡಬಾರದು ಎಂದು ಅಪ್ಪ ಕಟ್ಟುನಿಟ್ಟಾಗಿ ಹೇಳಿದ್ದ. ಒಬ್ಬನ ತಪ್ಪು ಇನ್ನೊಬ್ಬನಿಗೆ ಹತ್ತಬಾರದು, ಪ್ರತಿ ಸಲವೂ ಸೂರ್ಯನನ್ನೇ ಕೇಳಬೇಕು. ಮೂವತ್ತೆರಡು ವರ್ಷ ಮೀರಾಹುಸೇನ ಈ ಮಾತು ಮೀರಿರಲಿಲ್ಲ. ಬೆಳಿಗ್ಗೆ ಸತ್ತವರನ್ನು ಅಂದೇ ಮಣ್ಣು ಮಾಡುವುದಿದ್ದರೆ ಹಿಂದಿನ ಸಂಜೆ ಸೂರ್ಯ ಮುಳುಗಿದ ಜಾಗ ನೆನಪಿಟ್ಟು ಎಳೆಯುತ್ತಿದ್ದ. ಅದಕ್ಕೆಂದೇ ದಿನಾ ಸಂಜೆ ಎಲ್ಲಿದ್ದರೂ ಒಮ್ಮೆ ನಿಂತು ನೋಡುವುದು ಅವನಿಗೆ ರೂಢಿಯಾಗಿತ್ತು.

ಖಬರುಗಳು ಒಂದಕ್ಕೊಂದು ಸಮನಾಗಿಲ್ಲ ಎಂಬುದು ಎಲ್ಲರಿಗೂ ಕಾಣುತ್ತಿತ್ತು. ಎರೆ ನೆಲ ಬೇಸಿಗೆಯಲ್ಲಿ ಬಿರಿದು ಮಳೆಗಾಲದಲ್ಲಿ ಉಬ್ಬುತ್ತದೆ, ಅದಕ್ಕೇ ಹೊರಳುತ್ತವೆ ಎಂದು ಎಲ್ಲರೂ ಸುಮ್ಮನಿದ್ದರು.

ಮರುದಿನ ನಸುಕಿನಿಂದ ಮೀರಾಹುಸೇನ ಮತ್ತು ತಾಯಪ್ಪ ತೋಡಿದರು. ತಾಯಪ್ಪ ಕೂಲಿಯವನು, ಇಪ್ಪತ್ತು ವರ್ಷದಿಂದ ಈ ಕೆಲಸಕ್ಕೆ ಜೊತೆಗಾರ. ಮಧ್ಯಾಹ್ನ ಎರಡೂವರೆಗೆ ಇಬ್ಬರೂ ಬೇವಿನ ನೆರಳಲ್ಲಿ ಕುಳಿತಿದ್ದಾಗ ಮೀರಾಹುಸೇನನ ಮಗಳು ಮುಸರ್ರತ್ ರೊಟ್ಟಿ ಬುತ್ತಿ ಹೊತ್ತು ಬಂದಳು. ಮಾನ್ವಿಯಲ್ಲಿ ಹೈಸ್ಕೂಲಿನ ಗಣಿತದ ಟೀಚರು, ರಜೆಗೆಂದು ಊರಿಗೆ ಬಂದಿದ್ದಳು.

"ಬಾ ಟೀಚರಮ್ಮ," ಅಂದ ತಾಯಪ್ಪ. "ನಿಮ್ಮಪ್ಪ ಮುಂಜಾನಿಂದ ಒಂದ ಬೀಡಿ ಸೇದಾಕ ಬಿಟ್ಟಿಲ್ಲ. ಶೇಖಮ್ಮಗ ಬೀಡಿ ವಾಸನಿ ಆಗಿ ಬರಂಗಿಲ್ಲಂತ."

"ಅಕಿ ನನ್ನ ಎತ್ತಿ ಆಡಿಸ್ಯಾಳಲೇ. ಅಷ್ಟ ಮರ್ಯಾದಿ ಬ್ಯಾಡೇನು?" ಅಂದ ಮೀರಾಹುಸೇನ.

ಮುಸರ್ರತ್ ಬುತ್ತಿ ಬಿಚ್ಚುತ್ತಾ ಖಬರಿನ ಕಡೆ ನೋಡಿದಳು. ಹಾರೆ ಇನ್ನೂ ನೆಟ್ಟಗೆ ನಿಂತಿತ್ತು, ಹಗ್ಗವೂ ಬಿಗಿಯಾಗಿತ್ತು. ಕೈಗಡಿಯಾರ ನೋಡಿಕೊಂಡಳು.

"ಅಬ್ಬಾ, ಇವತ್ತ ತಾರೀಖು ಇಪ್ಪತ್ತೆಂಟು. ಹಾರಿ ಕೀಳಬ್ಯಾಡ. ಇನ್ನ ಹತ್ತು ನಿಮಿಷಕ್ಕ ನಿನ್ನ ಹಗ್ಗ ಎಷ್ಟು ಸರಿ ಅದ ಅಂತ ಸೂರ್ಯನ ಕಡೀಂದ ಸಹಿ ಹಾಕಿಸಿ ಕೊಡ್ತೀನಿ."

ಅಪ್ಪನಿಗೆ ಒಂದು ಸಂತೋಷ ಕೊಡಬೇಕೆಂದಷ್ಟೇ ಅವಳಿಗಿತ್ತು. ಮಣ್ಣು ಹೊರುವ ಬಿದಿರಿನ ಬುಟ್ಟಿಯನ್ನು ತೆಗೆದುಕೊಂಡು ನೆಲದ ಮೇಲೆ ಬೋರಲು ಹಾಕಿದಳು.

"ಇದು ಆಕಾಶ ಅನ್ನು, ತಾಯಪ್ಪ ಕಾಕಾ. ನಾವು ಇದರ ಒಳಗ ಕುಂತೀವಿ."

"ಕೋಳಿ ಮುಚ್ಚಿದಂಗ."

"ಹಂಗ. ಆಕಾಶ ಖರೇನ ಬುಟ್ಟಿ ಅಲ್ಲ, ಆದ್ರ ಲೆಕ್ಕಕ್ಕ ಹಂಗ ಹಿಡೀತಾರ. ಖಗೋಳ ಅಂತಾರ. ಭೂಮಿ ಮ್ಯಾಲ ಪ್ರತಿ ಊರಿಗೆ ಅಕ್ಷಾಂಶ, ರೇಖಾಂಶ ಅಂತ ಎರಡು ಅಂಕಿ ಅವ. ಹಂಗ ಈ ಬುಟ್ಟಿ ಮ್ಯಾಲ ಪ್ರತಿ ಚಿಕ್ಕಿಗೂ ಎರಡು ಅಂಕಿ. ಒಂದು ಬಡಗಣ ತೆಂಕಣದ್ದು, ಇನ್ನೊಂದು ಸುತ್ತಿಂದು. ಎರಡು ಅಂಕಿ ಹೇಳಿದ್ರ ಸಾಕು, ಯಾವ ದೇಶದವನಾದ್ರೂ ಅದ ಚಿಕ್ಕಿಗೆ ಬೆರಳು ತೋರಸ್ತಾನ." ಬುಟ್ಟಿಯ ಹೆಣಿಗೆಯ ಒಂದು ಕಡ್ಡಿಯ ಮೇಲೆ ಬೆರಳಿಟ್ಟಳು. "ಚಿಕ್ಕಿ ಇದ್ದಲ್ಲೇ ಇರ್ತಾವ. ಸೂರ್ಯ ಹಂಗಲ್ಲ. ಅವನ ಬಡಗಣ ತೆಂಕಣದ ಅಂಕಿ ದಿನಾ ಸರೀತದ. ಮಕ್ಕಾದ ಅಕ್ಷಾಂಶ ಹತ್ತತ್ರ ಇಪ್ಪತ್ತೊಂದೂವರಿ. ಇವತ್ತ ಸೂರ್ಯನ ಅಂಕೀನೂ ಅಷ್ಟ. ಅದಕ್ಕ ನಮ್ಮ ಎರಡು ನಲವತ್ತೆಂಟಕ್ಕ ಸೂರ್ಯ ಕಾಬಾದ ನೆತ್ತಿ ಮ್ಯಾಲ ನಿಲ್ತಾನ. ಆಗ ಸೂರ್ಯನ ಕಡಿ ಮಾರಿ ಮಾಡಿದ್ರ ಮಕ್ಕಾದ ಕಡಿ ಮಾಡಿದಂಗ."

ಮೀರಾಹುಸೇನ ರೊಟ್ಟಿ ಕೆಳಗಿಟ್ಟ. "ಇಲ್ಲಿ ಸೂರ್ಯ, ಅಲ್ಲಿ ನೆತ್ತಿ ಮ್ಯಾಲ?"

"ಒಂದ ಸೂರ್ಯ ಅಲ್ಲೇನು ಅಬ್ಬಾ. ವರ್ಷಕ್ಕ ಎರಡ ದಿನ ಹಿಂಗ ಆಗತದ. ಇನ್ನೊಂದು ಜುಲೈನಾಗ."

ಅವನು ಎದ್ದು ಕೈ ತೊಳೆದುಕೊಂಡ. ಕಾಬಾದ ಮೇಲೆ ನಿಂತ ಸೂರ್ಯನನ್ನು ನೋಡುವುದೆಂದರೆ ಎಂಜಲುಗೈಯಲ್ಲಿ ನೋಡುವ ಮಾತಲ್ಲ. ತಲೆಗೆ ವಸ್ತ್ರ ಸುತ್ತಿಕೊಂಡು ಹಾರೆಯ ಬಳಿ ಬಂದು ನಿಂತ.

ಎರಡು ನಲವತ್ತೆಂಟಕ್ಕೆ ಮುಸರ್ರತ್ ಹಾರೆಯ ನೆರಳಿನ ತುದಿಗೆ ಒಂದು ಕಲ್ಲಿಟ್ಟಳು. ಕಲ್ಲಿನಿಂದ ಹಾರೆಯ ಬುಡಕ್ಕೆ ಗೆರೆ ಎಳೆದು, ಅದನ್ನೇ ಪಡುವಣಕ್ಕೆ ಉದ್ದ ಮಾಡಿದಳು. ಗೆರೆ ಹಗ್ಗದ ಕೆಳಗೆ ಹೋಗಲಿಲ್ಲ. ಸ್ವಲ್ಪ ಎಡಕ್ಕೆ, ತೆಂಕಣಕ್ಕೆ ಸರಿದು ಹೋಯಿತು.

"ಎಂಟು ಡಿಗ್ರಿ," ಅಂದಳು. "ಬರೇ ಎಂಟು, ಅಬ್ಬಾ. ಕಣ್ಣಳತಿಗೆ ಇದು ಏನೂ ಅಲ್ಲ."

ಮೀರಾಹುಸೇನನಿಗೆ ಅದು ಏನೂ ಅಲ್ಲ ಎನಿಸಲಿಲ್ಲ. ಕುಕ್ಕರಗಾಲಲ್ಲಿ ಕುಳಿತು ಹಗ್ಗಕ್ಕೂ ಗೆರೆಗೂ ನಡುವೆ ಕೈ ಇಟ್ಟು ಅಳೆದ. "ನನ್ನ ಹಗ್ಗ ಜಾರಿಲ್ಲ. ನಿನ್ನಿ ಸೂರ್ಯ ಇಲ್ಲೇ ಮುಳುಗ್ಯಾನ."

"ಹಗ್ಗ ಜಾರಿಲ್ಲ. ಸೂರ್ಯ ಮುಳುಗೋ ಜಾಗಾನ ಸರೀತದ. ಬ್ಯಾಸಗ್ಯಾಗ ಬಡಗಣಕ್ಕ, ಚಳಿಗಾಲದಾಗ..."

ಅವಳ ಕಣ್ಣು ಬೇವಿನಾಚೆಯ ಖಬರಿನ ಮೇಲೆ ಹೋಗಿತ್ತು. ಅದು ಅವಳ ತಾಯಿ ಹಸೀನಾ ಬೇಗಂಳದು. ಹನ್ನೊಂದು ವರ್ಷದ ಹಿಂದೆ, ಚಳಿಗಾಲದಲ್ಲಿ, ಮೀರಾಹುಸೇನ ತನ್ನ ಕೈಯಾರೆ ತೋಡಿದ್ದು.

ತಾಯಪ್ಪ ಅದನ್ನು ಗಮನಿಸಲಿಲ್ಲ. "ಅದೇನು ದೊಡ್ಡ ಮಾತು? ನಮ್ಮ ಹೊಲದಾಗ ನಿಂತ್ರ ದಸರಾದಾಗ ಸೂರ್ಯ ಪಂಪಿನ ಮನಿ ಹಿಂದ ಇಳೀತಾನ, ಸಂಕ್ರಾಂತಿಗೆ ಎಡಗಡಿ ಜಾಲಿ ಗಿಡಕ್ಕ ಹೋಗಿರ್ತಾನ. ದನ ಕಾಯೋ ಹುಡುಗರಿಗೂ ಗೊತ್ತು."

ಮೀರಾಹುಸೇನ ಅವನನ್ನೇ ನೋಡಿದ. ಅವನಿಗೂ ಗೊತ್ತಿತ್ತು. ಚಳಿಗಾಲದ ಇಳಿಬಿಸಿಲು ತನ್ನ ಮನೆಯ ಬಾಗಿಲಿನಿಂದ ಒಲೆಯವರೆಗೂ ಬರುತ್ತದೆ, ಬೇಸಿಗೆಯಲ್ಲಿ ಹೊಸ್ತಿಲೂ ದಾಟುವುದಿಲ್ಲ. ಗೊತ್ತಿದ್ದದ್ದನ್ನು ಈ ಬಯಲಿಗೆ ಮಾತ್ರ ಅವನು ಎಂದೂ ತಂದಿರಲಿಲ್ಲ. ಇಲ್ಲಿ ಗುರುತಿಗೆ ಗುಡ್ಡವಿಲ್ಲ, ವರ್ಷಕ್ಕೆ ನಾಲ್ಕೈದು ಸಾವು. ಇಲ್ಲಿ ನಿಂತಾಗ ಸೂರ್ಯ ಮುಳುಗುವುದೆಂದರೆ ಮಕ್ಕಾದ ಕಡೆ ಹೋಗುವುದು, ಅಷ್ಟೇ.

"ಹಗ್ಗ ತಾ," ಅಂದ.

"ಅಬ್ಬಾ, ಮೊದಲು ರೊಟ್ಟಿ ತಿನ್ನು."

"ಹಗ್ಗ ತಾ, ಮುಸರ್ರತ್."

ಮೊದಲು ಶೇಖಮ್ಮನ ಗುಂಡಿಯ ಬಳಿಯ ಗೆರೆಗೆ ಸಮನಾಗಿ ಹಸೀನಾಳ ಖಬರಿನ ನಡುವಿನಿಂದ ಒಂದು ಹಗ್ಗ ಹಿಡಿದರು. ಆಮೇಲೆ ಅವಳ ಮುಖವಿದ್ದ ಕಡೆಗೆ, ಖಬರಿಗೆ ಅಡ್ಡಲಾಗಿ ಇನ್ನೊಂದು. ಎರಡೂ ಆರಡಿ ಹಗ್ಗ. ಎರಡರ ತುದಿಗಳ ನಡುವೆ ತಾಯಪ್ಪ ಕಾಲು ಅಗಲಿಸಿ ನಿಂತ. ಅವನ ಕಾಲಿಗೂ ಸಾಲಲಿಲ್ಲ.

"ಸುಮಾರು ಮೂವತ್ತೆಂಟು," ಅಂದಳು ಮುಸರ್ರತ್.

"ಈ ಹಗ್ಗದ ಗುಂಟ ಹೋದ್ರ ಏನ ಬರತದ?"

ಎರಡನೆಯ ಹಗ್ಗ ತೋರಿಸಿ ಮೀರಾಹುಸೇನ ಕೇಳಿದ.

"ಕಾರವಾರ, ಗೋವಾ ಆ ಕಡಿ, ಅಬ್ಬಾ. ಆಮ್ಯಾಲ ಸಮುದ್ರ."

ಮೀರಾಹುಸೇನ ಅಲ್ಲೇ ನಿಂತ. ಬಿಸಿಲಿಗೆ ಮಣ್ಣಿನ ಬಿರುಕುಗಳು ಬಾಯಿ ಬಿಟ್ಟಿದ್ದವು. ಸುತ್ತಲಿನ ಒಂದೊಂದು ಖಬರೂ ಒಂದೊಂದು ಕಡೆ ಮುಖ ಮಾಡಿ ಮಲಗಿತ್ತು. ನೆಲ ಹೊರಳಿರಲಿಲ್ಲ. ಆಯಾ ದಿನದ ಸೂರ್ಯ ಎಲ್ಲಿ ಇಳಿದಿದ್ದನೋ ಅಲ್ಲಿಗೆ ತಾನೇ ಒಬ್ಬೊಬ್ಬರನ್ನು ತಿರುಗಿಸಿ ಮಲಗಿಸಿದ್ದ. ಅವನ ಕೈ ಹಗ್ಗ ಹಿಡಿದೇ ಇತ್ತು. ತಾಯಪ್ಪ ಬಂದು ಬಿಡಿಸಿಕೊಂಡ.

ಆ ಹೊತ್ತಿಗೆ ಮಸೀದಿಯ ಮುತವಲ್ಲಿ ಜಿಲಾನಿ ಪಾಷಾ ಮೊಪೆಡ್ಡಿನಲ್ಲಿ ಬಂದ. ಕಿರಾಣಿ ಅಂಗಡಿಯ ಹಿರಿಯ, ಮಸೀದಿಯ ಎಲ್ಲ ಉಸ್ತುವಾರಿ ಅವನದೇ. ಗುಂಡಿ ತಯಾರಾಯಿತೇ ಎಂದು ನೋಡಲು ಬಂದವನು ಮುಸರ್ರತ್‌ಳನ್ನು ಕಂಡು, "ಹೆಣ್ಣುಮಕ್ಕಳು ಇಲ್ಲಿ ಏನ ಮಾಡಾಕತ್ತೀರಿ?" ಅಂದ. ತಾಯಪ್ಪ ನಡೆದದ್ದನ್ನು ಹೇಳಿದ. ಜಿಲಾನಿ ಪಾಷಾ ಮೊಪೆಡ್ಡಿನಿಂದ ಇಳಿಯಲಿಲ್ಲ, ಎರಡು ಕಾಲೂ ನೆಲಕ್ಕೂರಿ ಖಬರುಗಳ ಮೇಲೆ ಕಣ್ಣಾಡಿಸಿದ.

"ಗೊತ್ತಿಲ್ದ ಆಗಿದ್ದು. ಗುನಾ ಅಲ್ಲ," ಅಂದ. "ಮಾಲಿಕ ನಿಯತ್ತು ನೋಡ್ತಾನ. ಮೀರಾ, ಇದನ್ನ ಯಾರ ಮುಂದೂ ತಗೀಬ್ಯಾಡ. ಮಳಿಗಾಲಕ್ಕ ಮೊದ್ಲ ಮ್ಯಾಲಿನ ದಿಬ್ಬ, ಕಲ್ಲು ಎಲ್ಲಾ ಒಂದ ಸಾಲಿಗೆ ತಂದ್ರಾತು. ಖಬರಸ್ತಾನ ಸ್ವಚ್ಛ ಮಾಡಿದ್ವಿ ಅಂತ ಹೇಳೋಣ."

"ಮ್ಯಾಲಿನ ಕಲ್ಲು ತಿರುವಿದ್ರ ಒಳಗಿನವರು ತಿರಗತಾರೇನು ಜಿಲಾನಿ ಸಾಬ್?"

"ಹೇಳಿದ್ರರೆ ತಿರಗತಾರೇನು? ಸುಮ್ನ ಮಂದಿ ಹೊಟ್ಟ್ಯಾಗ ಬೆಂಕಿ ಹಾಕ್ತೀಯಲ್ಲ. ನಿನ್ನ ಕೈಯಾಗ ಮುಂದ ಯಾರು ಹೆಣ ಕೊಡ್ತಾರ?"

ಮೀರಾಹುಸೇನ ಹಾರೆ ಕಿತ್ತುಕೊಂಡು ಶೇಖಮ್ಮನ ಗುಂಡಿಗೆ ಇಳಿದ. ತಲೆಯ ಕಡೆ ಒಂದು ಮಗ್ಗುಲು, ಕಾಲಿನ ಕಡೆ ಇನ್ನೊಂದು ಮಗ್ಗುಲು, ಅಂಗೈ ಅಗಲಕ್ಕಿಂತ ಸ್ವಲ್ಪ ಹೆಚ್ಚು ಕೆತ್ತಿ ಹೊಸ ಗೆರೆಗೆ ತಂದ. ತಾಯಪ್ಪ ಇಳಿಯಲು ಹೋದರೆ ಬೇಡವೆಂದ. ಮುಗಿಸಲು ಒಂದೂವರೆ ಗಂಟೆ ಹಿಡಿಯಿತು. ಅಷ್ಟು ಹೊತ್ತೂ ಮುಸರ್ರತ್ ಬೇವಿನ ಕೆಳಗೆ ಬೋರಲು ಬುಟ್ಟಿಯ ಪಕ್ಕ ಕುಳಿತಿದ್ದಳು. ತಾನು ಸುಮ್ಮನೆ ಬುತ್ತಿ ಕೊಟ್ಟು ಹೋಗಬಾರದಿತ್ತೇ ಎಂದು ಅವಳಿಗೆ ಅನ್ನಿಸುತ್ತಿತ್ತು.

ಅಸರ್ ಮುಗಿಸಿ ಜನಾಜಾ ಬಂತು. ಶೇಖಮ್ಮನನ್ನು ಇಳಿಸಿದರು, ಹಲಗೆ ಮುಚ್ಚಿ ಮೂರು ಮೂರು ಹಿಡಿ ಮಣ್ಣು ಹಾಕಿದರು. ದುವಾ ಮುಗಿದು ಜನ ಹೊರಡಲು ಹೆಗಲ ವಸ್ತ್ರ ಕೊಡವಿಕೊಳ್ಳುವಾಗ ಮೀರಾಹುಸೇನ ನಡುವೆ ಬಂದು ನಿಂತ. ಜಿಲಾನಿ ಪಾಷಾ ದೂರದಿಂದಲೇ ಕೈಸನ್ನೆ ಮಾಡಿದ. ಅವನು ನೋಡಲಿಲ್ಲ.

"ನಾ ಇಲ್ಲಿತನಕ ತೋಡಿದ ಖಬರು ಖಿಬ್ಲಾಕ್ಕ ಇಲ್ಲ," ಅಂದ. "ಶೇಖಮ್ಮಂದು ಇವತ್ತ ಸರಿ ಮಾಡೀನಿ. ಉಳಿದವು ಸೂರ್ಯ ಮುಳುಗಿದ ಕಡಿ ಅವ. ಬ್ಯಾಸಗಿ, ಮಳಿಗಾಲದವು ಹತ್ತತ್ರ ಅವ. ಚಳಿಗಾಲದವು ಬಾಳ ತಪ್ಯಾವ."

ಮೊದಲಿಗೆ ಯಾರಿಗೂ ಅರ್ಥವಾಗಲಿಲ್ಲ. ಶೇಖಮ್ಮನ ಮಗ ಸಲಾವುದ್ದೀನ್ ಕೈಗೆ ಹತ್ತಿದ ಮಣ್ಣು ಒರೆಸುವುದನ್ನು ಬಿಟ್ಟು ನೋಡಿದ. ಮುಸರ್ರತ್ ಮುಂದೆ ಬಂದು ಎರಡು ಮಾತಲ್ಲಿ ಬಿಡಿಸಿ ಹೇಳಿದಳು. ಬೈಗುಳಕ್ಕೆ ಸಿದ್ಧವಾಗಿ ಮೀರಾಹುಸೇನ ತಲೆ ತಗ್ಗಿಸಿದ್ದ. ಬೈಗುಳ ಬರಲಿಲ್ಲ. ಜನ ಒಬ್ಬರನ್ನೊಬ್ಬರು ಮೆಲ್ಲಗೆ ಕೇಳತೊಡಗಿದರು. ನಮ್ಮಪ್ಪ ಹೋದಾಗ ಜೋಳದ ರಾಶಿ ಆಗಿತ್ತೇನು? ಅಕ್ಕ ಹೋದದ್ದು ರಂಜಾನಿನಲ್ಲಿ, ಆ ವರ್ಷ ರಂಜಾನ್ ಯಾವಾಗ ಬಂದಿತ್ತು? ತಿಂಗಳು ನೆನಪಾದವರು ತಮ್ಮವರ ಖಬರಿನ ಕಡೆ ತಿರುಗಿ ನಿಂತರು.

ಮುಕರ್ರಂ ಎಂಬ ಮುದುಕ ಕೋಲೂರಿಕೊಂಡು ಮುಸರ್ರತ್‌ಳ ಬಳಿ ಬಂದ. "ನನ್ನ ಮಗ ಮಳಿಗಾಲದಾಗ, ಸಾಲ್ಯಾಗ ಝಂಡಾ ಹಾರಿಸಿದ ಮರುದಿನ ಹೋದ, ಯವ್ವಾ. ಏಳು ವರ್ಷದ ಕೂಸು. ಅವಂದು ಹೆಂಗದ?"

"ಆಗಸ್ಟ್ ಹದಿನಾರು." ಅವಳು ಬೆರಳಲ್ಲಿ ಲೆಕ್ಕ ಹಾಕಿದಳು, ಮತ್ತೊಮ್ಮೆ ಹಾಕಿದಳು. "ಮಾಮು, ಅದು ಸರೀ ಅದ. ಆ ದಿನ ಸೂರ್ಯ ಬರೋಬ್ಬರಿ ಖಿಬ್ಲಾದ ಗೆರಿ ಮ್ಯಾಲ ಮುಳುಗತಾನ."

ಮುದುಕ ಅವಳ ಮುಖ ನೋಡಿದ. ಕೋಲು ಕೆಳಗೆ ಬಿತ್ತು. ತಾಯಪ್ಪ ಎತ್ತಿ ಕೊಟ್ಟ. ಮುಕರ್ರಂ ಮೀರಾಹುಸೇನನ ತೋಳು ಹಿಡಿದ.

"ನಿನ್ನ ಹಸೀನಾಂದು?"

ಹತ್ತಿರವಿದ್ದವರೆಲ್ಲ ಅವನತ್ತ ತಿರುಗಿದರು. ಅಷ್ಟು ಹೊತ್ತು ಅದನ್ನು ಯಾರೂ ಕೇಳಿರಲಿಲ್ಲ.

"ಎಳ್ಳಮಾಸಿಗೆ ಇನ್ನ ಎರಡು ದಿನ ಇತ್ತು," ಅಂದ ಮೀರಾಹುಸೇನ. "ಮೋಡ ಇರಲಿಲ್ಲ. ಅಕಿದಂತ ನಾ ಅವತ್ತ ಹಗ್ಗ ಮೂರು ಸಲ ಎಳದು ನೋಡೀನಿ."