ಆಷಾಢದಲ್ಲಿ ರಿಜಿಸ್ಟ್ರಿ

ಗುಬ್ಬಿಯ ಸಹಕಾರ ಸಂಘವೊಂದರಲ್ಲಿ ಗುಮಾಸ್ತನಾಗಿದ್ದ ಭಾನುಪ್ರಕಾಶ್ ಪಂಚಾಂಗ ನೋಡದೆ ಚಪ್ಪಲಿಯನ್ನೂ ಕೊಳ್ಳುವವನಲ್ಲ. ಅಂಥವನನ್ನು ಕಟ್ಟಿಕೊಂಡ ತಪ್ಪಿಗೆ ಹೇಮಶ್ರೀ ತುಮಕೂರಿನ ಬಾಡಿಗೆ ಮನೆಯಿಂದ ಬಾಡಿಗೆ ಮನೆಗೆ ಪಾತ್ರೆ ಹೊತ್ತಿದ್ದೇ ಹೊತ್ತಿದ್ದು. ಒಂದು ಮೊಳೆ ಹೊಡೆಯಬೇಕಾದರೂ ಓನರ್ ಅಪ್ಪಣೆ ಬೇಕು. ತನ್ನದೇ ಗೋಡೆಗೆ ತನಗಿಷ್ಟ ಬಂದ ಕಡೆ ಮೊಳೆ ಹೊಡೆಯಬೇಕು, ಅವಳ ಆಸೆ ಅಷ್ಟೇ.

ಕುಣಿಗಲ್ಲಿನ ತವರಿನ ಪಾಲು ಕೈಗೆ ಬಂದಾಗ ಮರಳೂರಿನ ಅನಂತರಾಜುವಿನ ಮನೆಗೆ ಅಗ್ರಿಮೆಂಟ್ ಆಯಿತು. ಅವನಿಗೆ ಆಗಿನ್ನೂ ಬುದ್ಧಿ ನೆಟ್ಟಗಿತ್ತು.

"ನಾಳೆನೇ ಬನ್ನಿ ಸಾರ್, ರಿಜಿಸ್ಟ್ರಿ ಮಾಡ್ಕೊಟ್ಬುಡ್ತೀನಿ."

ಭಾನುಪ್ರಕಾಶ್ ಬೆಚ್ಚಿಬಿದ್ದ. "ಆಷಾಢ ಕಣ್ರೀ! ಶ್ರಾವಣ ಬರ್ಲಿ."

ಶ್ರಾವಣಕ್ಕಿಂತ ಮೊದಲೇ ಮರಳೂರಿನ ರೇಟು ಏರಿತು. ಅನಂತರಾಜು "ಯಾವ ಅಗ್ರಿಮೆಂಟು?" ಎಂದು ಕೈ ಎತ್ತಿದ.

ಕೇಸು ಬಿತ್ತು. ವಾಯಿದೆ ಬಂದಾಗಲೆಲ್ಲ ಅನಂತರಾಜುವಿಗೆ ಬೆನ್ನುನೋವು ಬರುತ್ತಿತ್ತು. ಕೊನೆಗೊಂದು ದಿನ ಎದುರು ವಕೀಲರು, "ಕರೆದಾಗ ಬರದಿದ್ದವರು ನೀವೇ ತಾನೆ?" ಎಂದರು. ಭಾನುಪ್ರಕಾಶ್ ಎದೆಯುಬ್ಬಿಸಿ, "ಹೌದು, ಆಷಾಢ" ಎಂದ. ಇವರ ವಕೀಲ ನಾಸಿರ್ ತಲೆ ಮೇಲೆ ಕೈ ಹೊತ್ತುಕೊಂಡ. ಕೊಳ್ಳಲು ತಯಾರಿದ್ದರೆಂಬುದಕ್ಕೆ ಸಾಕ್ಷಿಯಾಗಿ ಬ್ಯಾಂಕಿನಲ್ಲಿ ದುಡ್ಡು ಸಿದ್ಧವಾಗಿ ಕೂತಿದ್ದದ್ದೇ ಇವರನ್ನು ಉಳಿಸಿತು. ಎರಡು ತಿಂಗಳೊಳಗೆ ಉಳಿದ ಹಣ ಕೋರ್ಟಿಗೆ ಕಟ್ಟಿದರೆ ಅನಂತರಾಜು ಮನೆ ಬರೆದುಕೊಡಬೇಕು, ಇಲ್ಲದಿದ್ದರೆ ಕೋರ್ಟೇ ಬರೆದುಕೊಡುತ್ತದೆ ಎಂದು ತೀರ್ಪಾಯಿತು.

"ಗಡುವು ಮೀರಿದ್ರೆ ಅಗ್ರಿಮೆಂಟೇ ರದ್ದು ಮಾಡಿ ಅಂತ ಅವ್ರು ಅರ್ಜಿ ಹಾಕ್ತಾರೆ, ಹುಷಾರು ಮೇಡಂ" ಎಂದ ನಾಸಿರ್.

ಮೊದಲ ತಿಂಗಳು ಜ್ಯೇಷ್ಠ. ಹಿರಿಮಗನಾದ ಭಾನುಪ್ರಕಾಶನಿಗೆ ಅದು ಆಗಿಬರುವುದಿಲ್ಲ. ಎರಡನೆಯದು ಆಷಾಢ, ಕೇಳುವುದೇ ಬೇಡ. ಅಷ್ಟರಲ್ಲಿ ಅನಂತರಾಜು ದಾರಿಯಲ್ಲಿ ಸಿಕ್ಕಿ, "ಆತುರ ಯಾಕೆ ಸಾರ್? ಶ್ರಾವಣದಲ್ಲಿ ನಾನೇ ಬಂದು ಸೈನ್ ಹಾಕ್ತೀನಿ" ಎಂದು ಬೆಣ್ಣೆ ಸವರಿದ.

"ನೋಡೇ, ಬುದ್ಧಿ ಬಂದೈತೆ ಅವನಿಗೆ" ಎಂದು ಗಂಡ ಕರಗಿಹೋದ. ಹೇಮಶ್ರೀಗೆ ಮೈಯೆಲ್ಲ ಉರಿಯಿತು. ಬ್ಯಾಂಕಿನ ಖಾತೆ ಜಂಟಿ, ಅವನ ಸಹಿಯಿಲ್ಲದೆ ಒಂದು ಪೈಸೆಯೂ ಹೊರಬರುವುದಿಲ್ಲ.

ಗಡುವಿನ ಕೊನೆಯ ದಿನ ಭೀಮನ ಅಮಾವಾಸ್ಯೆ. ಹೆಂಡತಿ ಗಂಡನ ಪಾದಪೂಜೆ ಮಾಡುವ ದಿನ. ಭಾನುಪ್ರಕಾಶ್ ಮಡಿಯುಟ್ಟು ಮಣೆ ಮೇಲೆ ಕೂತು ತಟ್ಟೆಯಲ್ಲಿ ಕಾಲಿಟ್ಟ. ಹೇಮಶ್ರೀ ಪಾದ ತೊಳೆದು, ಅರಿಶಿನ ಕುಂಕುಮ ಹಚ್ಚಿ, ಹೂವಿಟ್ಟು ನಮಸ್ಕರಿಸಿದಳು.

"ದೀರ್ಘ ಸುಮಂಗಲಿ ಭವ. ಏನು ಬೇಕು ಕೇಳೇ" ಎಂದ ಗಂಡ ಉದಾರವಾಗಿ.

ಅವಳು ಪಾದ ಬಿಡಲಿಲ್ಲ. "ಇದೇ ಪಾದದಲ್ಲಿ ಈಗ್ಲೇ ಬ್ಯಾಂಕಿಗೆ ನಡೀರಿ. ಹೂಂ ಅನ್ನೋವರ್ಗೂ ಬಿಡಲ್ಲ."

"ಅಮಾವಾಸ್ಯೆ ಕಣೇ!"

"ಪೂಜೆ ಮಾಡುಸ್ಕೊಳ್ಳೋಕೆ ಆಗೋ ಅಮಾವಾಸ್ಯೆ ದುಡ್ಡು ಕಟ್ಟೋಕೆ ಆಗಲ್ವಾ?" ಎಂದಳು. ಭಾನುಪ್ರಕಾಶ್ ಅವಳ ಕಣ್ಣೀರು ನೋಡಿದ. ಪಂಚಾಂಗದ ಕಡೆ ನೋಡುವ ಧೈರ್ಯ ಬರಲಿಲ್ಲ.

ಹಣ ಕಟ್ಟಿ ರಸೀದಿ ಹಿಡಿದು ಹೊರಗೆ ಬಂದರೆ ಕೋರ್ಟಿನ ಮೆಟ್ಟಿಲ ಮೇಲೆ ಅನಂತರಾಜು. ಕಂಕುಳಲ್ಲಿ ರದ್ದತಿಯ ಅರ್ಜಿ, ನಾಳೆ ಬೆಳಿಗ್ಗೆ ಹಾಕಲು ರೆಡಿ.

"ಏನ್ ಸಾರ್, ಅಮಾವಾಸ್ಯೆ ದಿನ!" ಎಂದ ಬಾಯಿಬಿಟ್ಟುಕೊಂಡು.

"ಶ್ರಾವಣದಲ್ಲಿ ಸೈನ್ ಹಾಕ್ತೀನಿ ಅಂದಿದ್ರಲ್ಲ, ಮರೀಬೇಡಿ" ಎಂದಳು ಹೇಮಶ್ರೀ.

ಅವನು ಹಾಕಲಿಲ್ಲ. ಕೋರ್ಟೇ ಬರೆದುಕೊಟ್ಟಿತು, ಅದೂ ಪಿತೃಪಕ್ಷದ ನಟ್ಟನಡುವೆ. ಭಾನುಪ್ರಕಾಶ್ ಪಂಚಾಂಗ ತೆಗೆಯದೆ ಸಹಿ ಹಾಕಿದ.

ಬೀಗ ತೆಗೆದ ದಿನವೇ ಹೇಮಶ್ರೀ ನಡುಮನೆಯ ಗೋಡೆಗೆ ಮೊಳೆ ಹೊಡೆದಳು. ಗಂಡ ಮೆಲ್ಲಗೆ ಪಂಚಾಂಗದ ಕ್ಯಾಲೆಂಡರ್ ತಂದುಕೊಟ್ಟ. ಅವಳು ಬೇಡ ಎನ್ನದೆ ನೇತುಹಾಕಿದಳು, ಅದರ ಮುಖವನ್ನು ಗೋಡೆಗೆ ತಿರುಗಿಸಿ.